ಬಚ್ಚಲಲ್ಲಿ ಏಳು ಸಾಮಾನು: ಲಿಪೊವೆಟ್‌ಸ್ಕಿಯನ್ನು ಮೈಸೂರಲ್ಲಿ ಕೂತು ಓದಿದಾಗ

ಊರಿಂದ ಬಂದಿದ್ದ ನನ್ನ ತಮ್ಮ ಸ್ನಾನಕ್ಕೆ ಹೋದವನು ಎರಡೇ ನಿಮಿಷಕ್ಕೆ ಬಚ್ಚಲಿನ ಬಾಗಿಲು ಓರೆ ಮಾಡಿ ಕೂಗಿದ: "ಅಣ್ಣಯ್ಯ, ಇದ್ರಲ್ಲಿ ಸೋಪ್ ಯಾವ್ದು?"

ಅವನು ಕೇಳಿದ್ದರಲ್ಲಿ ತಪ್ಪೇನಿರಲಿಲ್ಲ. ಕುವೆಂಪುನಗರದ ನಮ್ಮ ಮನೆಯ ಬಚ್ಚಲಲ್ಲಿ ಗೋಡೆಗೆ ಹೊಡೆದ ಸ್ಟೀಲ್ ಸ್ಟ್ಯಾಂಡೊಂದಿದೆ. ಅದರ ಮೇಲೆ ಮಗನ ಬಾಡಿ ವಾಶ್, ಸೊಸೆಯ ಮುಖಕ್ಕೆ ಎರಡು ಟ್ಯೂಬು (ಒಂದು ಬೆಳಿಗ್ಗೆಗೆ, ಒಂದು ರಾತ್ರಿಗೆ), ಮೊಮ್ಮಗಳ ಗುಂಗುರು ಕೂದಲಿಗೆಂದೇ ತರಿಸಿದ ಶಾಂಪೂ, ಅದರ ಜೋಡಿ ಕಂಡೀಷನರ್, ನನ್ನ ಹೆಂಡತಿಯ ಬೇವಿನ ಸೋಪು, ಮೂಲೆಯಲ್ಲಿ ನನ್ನ ಮೈಸೂರ್ ಸ್ಯಾಂಡಲ್. ಐದು ಜನ, ಏಳು ಸಾಮಾನು. ಒಬ್ಬರದನ್ನು ಇನ್ನೊಬ್ಬರು ಮುಟ್ಟುವುದಿಲ್ಲ. ಮುಟ್ಟಿದರೆ ಗೊತ್ತಾಗುತ್ತದೆ.

ಪಾಂಡವಪುರದ ಹತ್ತಿರದ ನಮ್ಮ ಹಳ್ಳಿಯ ಮನೆಯಲ್ಲಿ ನಾವು ಒಂಬತ್ತು ಜನ ಇದ್ದೆವು. ಬಚ್ಚಲಲ್ಲಿ ಹಂಡೆ, ಚೊಂಬು, ಕಲ್ಲಿನ ಮೇಲೆ ಒಂದು ಸೋಪು. ತಲೆಗೆ ಸೀಗೆಪುಡಿ. ಸೋಪು ಸವೆದು ತೆಳ್ಳನೆಯ ಬಿಲ್ಲೆಯಾದಾಗ ಅವ್ವ ಅದನ್ನು ಬಿಸಾಡುತ್ತಿರಲಿಲ್ಲ. ಹೊಸ ಸೋಪಿನ ಬೆನ್ನಿಗೆ ಒತ್ತಿ ಅಂಟಿಸುತ್ತಿದ್ದಳು. ಎರಡು ದಿನ ಅದು ಮರಿ ಹೊತ್ತ ಕಪ್ಪೆಯ ಹಾಗೆ ಕಾಣುತ್ತಿತ್ತು.

ಒಂಬತ್ತು ಜನಕ್ಕೆ ಒಂದು ಸೋಪು ಇದ್ದದ್ದು ಐದು ಜನಕ್ಕೆ ಏಳು ಸಾಮಾನು ಆದದ್ದು ಹೇಗೆ? "ಕೈಯಲ್ಲಿ ದುಡ್ಡಾಯಿತು, ಅದಕ್ಕೆ" ಎಂದರೆ ಅರ್ಧ ಉತ್ತರ. ದುಡ್ಡಾಗಿದ್ದರೆ ಮನೆಮಂದಿಗೆಲ್ಲ ಒಂದೇ ದುಬಾರಿ ಸೋಪು ತರಬಹುದಿತ್ತಲ್ಲ. "ಅಕ್ಕಪಕ್ಕದವರಿಗೆ ತೋರಿಸಿಕೊಳ್ಳೋಕೆ" ಎಂಬ ಇನ್ನೊಂದು ಉತ್ತರ ಇಲ್ಲಿ ನಡೆಯುವುದೇ ಇಲ್ಲ. ಬಚ್ಚಲಿನೊಳಗಿನ ಶಾಂಪೂವನ್ನು ಯಾವ ನೆರೆಯವರು ಬಂದು ನೋಡುತ್ತಾರೆ?

ಈ ಎರಡನೇ ಪ್ರಶ್ನೆಯನ್ನು ಹಿಡಿದು ಬಹಳ ದೂರ ಹೋದವರು ಫ್ರಾನ್ಸಿನ ಚಿಂತಕ ಜಿಲ್ ಲಿಪೊವೆಟ್‌ಸ್ಕಿ. 1944ರಲ್ಲಿ ಹುಟ್ಟಿದವರು, ಗ್ರೆನೋಬಲ್ ಪಟ್ಟಣದಲ್ಲಿ ತತ್ವಶಾಸ್ತ್ರದ ಮೇಷ್ಟ್ರಾಗಿದ್ದವರು. 1983ರಲ್ಲಿ ಬಂದ ಅವರ ಮೊದಲ ಪುಸ್ತಕದ ಹೆಸರನ್ನು ಕನ್ನಡದಲ್ಲಿ 'ಶೂನ್ಯದ ಯುಗ' ಎನ್ನಬಹುದು. ನಮ್ಮ ಕಾಲದ ವ್ಯಕ್ತಿವಾದದ ಮೇಲಿನ ಪ್ರಬಂಧಗಳು ಅದರಲ್ಲಿವೆ. 1987ರಲ್ಲಿ ಫ್ಯಾಷನ್ ಮೇಲೆ, 1992ರಲ್ಲಿ ಕರ್ತವ್ಯ ಎಂಬ ಭಾವನೆ ಸೊರಗಿದ ಬಗೆಯ ಮೇಲೆ, 2006ರಲ್ಲಿ ಕೊಳ್ಳುವಿಕೆ ಮತ್ತು ಸುಖದ ಮೇಲೆ ಬರೆದರು. ನಾನು ಮಂಡ್ಯದ ಕಾಲೇಜೊಂದರಲ್ಲಿ ಸಮಾಜಶಾಸ್ತ್ರ ಪಾಠ ಮಾಡುತ್ತಿದ್ದಾಗ ಅವರ ಹೆಸರು ನಮ್ಮ ಸಿಲಬಸ್ಸಿನಲ್ಲಿ ಇರಲಿಲ್ಲ. ನಿವೃತ್ತಿಯ ಮೇಲೆ, ಕುಕ್ಕರಹಳ್ಳಿ ಕೆರೆ ಸುತ್ತಿ ಬಂದು ಮಿಕ್ಕ ಹೊತ್ತಿನಲ್ಲಿ, ಇಂಗ್ಲಿಷ್ ಅನುವಾದದಲ್ಲಿ ನಿಧಾನ ಓದಿದೆ.

ಇವರನ್ನು ಓದುವಾಗ ಮೊದಲು ಕಣ್ಣಿಗೆ ಬೀಳುವುದು, ಇವರು ಬೈಯುವುದಿಲ್ಲ ಎಂಬುದು. ಕೊಳ್ಳುಬಾಕ ಸಂಸ್ಕೃತಿಯ ಬಗ್ಗೆ ಬರೆದವರ ದೊಡ್ಡ ಸಾಲೇ ಇದೆ. ಹೆಚ್ಚಿನವರು ಮಠದ ಸ್ವಾಮಿಗಳ ಧಾಟಿಯಲ್ಲೇ ಬರೆದಿದ್ದಾರೆ. ಅಮೆರಿಕದ ವೆಬ್ಲೆನ್ 1899ರಲ್ಲೇ ಹೇಳಿದ್ದು: ಉಳ್ಳವರು ವಸ್ತು ಕೊಳ್ಳುವುದು ಅಂತಸ್ತು ತೋರಿಸಲಿಕ್ಕೆ. ಫ್ರಾನ್ಸಿನ ಬೋದ್ರಿಯಾರ್ 1970ರಲ್ಲಿ, ನಾವು ಕೊಳ್ಳುವುದು ವಸ್ತುವನ್ನಲ್ಲ, ಅದು ಹೊತ್ತಿರುವ ಗುರುತನ್ನು ಎಂದರು. ಬೋರ್ದಿಯು 1979ರಲ್ಲಿ, ಒಬ್ಬನ ಅಭಿರುಚಿ ಎಂದರೆ ಅವನ ವರ್ಗದ ಮುದ್ರೆ ಎಂದರು. ಮೂರರಲ್ಲೂ ಒಂದು ಸಮಾನ ಅಂಶ ಉಂಟು: ಕೊಳ್ಳುವವನ ಕಣ್ಣು ಸದಾ ಪಕ್ಕದವನ ಮೇಲೆ ಇರುತ್ತದೆ. ಯೌವನದಲ್ಲಿ ಎಡಪಂಥದ ಗುಂಪಿನಲ್ಲೇ ಇದ್ದ ಲಿಪೊವೆಟ್‌ಸ್ಕಿ ಇಲ್ಲಿ ಬೇರೆ ದಾರಿ ಹಿಡಿಯುತ್ತಾರೆ. ಪಕ್ಕದವನು ಪೂರ್ತಿ ಮಾಯವಾಗಿಲ್ಲ, ಆದರೆ ಅವನೀಗ ಮುಖ್ಯನಲ್ಲ. ಕೊಳ್ಳುವವನ ಕಣ್ಣು ಈಗ ಕನ್ನಡಿಯ ಮೇಲಿದೆ. ಕೊಳ್ಳುವುದು ನನ್ನ ಮೈಗೆ, ನನ್ನ ಮನಸ್ಸಿಗೆ, ನನ್ನ ಆರೋಗ್ಯಕ್ಕೆ, ನನ್ನ ಈ ಸಂಜೆಯ ಬೇಸರಕ್ಕೆ.

ಇಲ್ಲಿಗೆ ಹೇಗೆ ಬಂದೆವು ಎಂಬುದಕ್ಕೆ ಅವರು 2006ರ ಪುಸ್ತಕದಲ್ಲಿ ಮೂರು ಹಂತಗಳ ಕತೆ ಹೇಳುತ್ತಾರೆ. ಯುರೋಪ್ ಅಮೆರಿಕಗಳ ಕತೆ ಅದು. ಅದನ್ನು ಅಲ್ಲಿನದಾಗಿಯೇ ಹೇಳಿ, ನಮ್ಮಲ್ಲಿ ಅದರ ಜೊತೆಗಾರ ಯಾರು ಎಂದೂ ಹುಡುಕುತ್ತೇನೆ.

ಮೊದಲ ಹಂತ 1880ರ ಸುಮಾರಿಗೆ ಶುರುವಾಗಿ ಎರಡನೇ ಮಹಾಯುದ್ಧದವರೆಗೆ. ರೈಲು, ತಂತಿ, ದೊಡ್ಡ ಯಂತ್ರಗಳು ಬಂದು ಒಂದೇ ಬಗೆಯ ಸಾಮಾನನ್ನು ಲಕ್ಷಗಟ್ಟಲೆ ತಯಾರಿಸಿ ದೇಶದ ಉದ್ದಕ್ಕೂ ಕಳಿಸುವುದು ಸಾಧ್ಯವಾಯಿತು. ಅದಕ್ಕೂ ಕೊಂಚ ಮುಂಚೆ, 1852ರಿಂದ, ಪ್ಯಾರಿಸ್ಸಿನ ಬಾನ್ ಮಾರ್ಶೆ ಎಂಬ ಅಂಗಡಿ ಹೊಸ ಪದ್ಧತಿ ತಂದಿತ್ತು: ಬೆಲೆ ಬರೆದು ಅಂಟಿಸುವುದು, ಚೌಕಾಸಿ ಇಲ್ಲ, ಒಳಗೆ ಬಂದವರು ಏನೂ ಕೊಳ್ಳದೆ ಸುಮ್ಮನೆ ನೋಡಿಕೊಂಡು ಹೋಗಬಹುದು. ಈ ಹಂತದ ಬಹುದೊಡ್ಡ ಕಾಣಿಕೆ ಬ್ರ್ಯಾಂಡು. ನನಗೆ ಲಿಪೊವೆಟ್‌ಸ್ಕಿಯ ಒಂದು ಮಾತು ಇಲ್ಲೇ ಹಿಡಿಸಿದ್ದು: ಗಿರಾಕಿ ಅಂಗಡಿಯವನನ್ನು ನಂಬುವುದು ಬಿಟ್ಟು ಪೊಟ್ಟಣದ ಮೇಲಿನ ಹೆಸರನ್ನು ನಂಬಲು ತೊಡಗಿದ ದಿನವೇ ಹಳೆಯ ಗಿರಾಕಿ ಹೋಗಿ ಹೊಸ ಗ್ರಾಹಕ ಹುಟ್ಟಿದ್ದು.

ನಮ್ಮೂರಿನ ಶೆಟ್ಟರ ಅಂಗಡಿ ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಬೇಳೆ ಮೂಟೆಯಲ್ಲಿರುತ್ತಿತ್ತು, ಪಾವು ಸೇರಿನಲ್ಲಿ ಅಳೆದು, ಹಳೇ ಪೇಪರಿನ ಪೊಟ್ಟಣ ಕಟ್ಟಿ, ಸೆಣಬಿನ ದಾರ ಎರಡು ಸುತ್ತು ಸುತ್ತಿ ಕೊಡುತ್ತಿದ್ದರು. "ಶೆಟ್ರೆ, ಬೇಳೆ ಬೇಯ್ತದಾ?" ಎಂದರೆ "ಬೇಯ್ದೆ ಏನ್ಮಾಡ್ತದೆ, ತಕೊಂಡೋಗವ್ವ" ಎನ್ನುತ್ತಿದ್ದರು. ಆ ಮಾತೇ ಗ್ಯಾರಂಟಿ. ಲೆಕ್ಕ ಪುಸ್ತಕದಲ್ಲಿ ಬರೆದಿಟ್ಟು ಕಬ್ಬಿನ ದುಡ್ಡು ಬಂದಾಗ ತೀರಿಸುವುದು. ಆ ಅಂಗಡಿಯೊಳಗೇ ಒಂದು ಕಪಾಟಿನಲ್ಲಿ ಶೆಟ್ಟರ ಮಾತಿನ ಹಂಗಿಲ್ಲದ ಸಾಮಾನು ಇತ್ತು: ಮೈಸೂರ್ ಸ್ಯಾಂಡಲ್ ಸೋಪು. ಮೊದಲ ಮಹಾಯುದ್ಧದಿಂದ ಗಂಧದ ಮರದ ರಫ್ತು ನಿಂತುಹೋದಾಗ, ನಾಲ್ವಡಿ ಕೃಷ್ಣರಾಜ ಒಡೆಯರು ಮತ್ತು ದಿವಾನ್ ವಿಶ್ವೇಶ್ವರಯ್ಯನವರ ಕಾಲದಲ್ಲಿ, ಎಣ್ಣೆಯನ್ನು ಇಲ್ಲೇ ತೆಗೆಯಲು ಶುರುಮಾಡಿದ್ದು, ಅದರಿಂದ ಸೋಪು ಹುಟ್ಟಿದ್ದು ಎಲ್ಲರೂ ಬಲ್ಲ ಸಂಗತಿ. ಆ ಮೊಟ್ಟೆಯಾಕಾರ, ಆ ಪೆಟ್ಟಿಗೆ, ಸಿಂಹದ ಮೈಗೆ ಆನೆಯ ತಲೆಯಿರುವ ಆ ಶರಭದ ಗುರುತು ನೋಡಿ. ಓದು ಬರಹ ಬಾರದ ನನ್ನ ಅವ್ವ ಆ ಗುರುತು ನೋಡಿಯೇ ಅಸಲಿ ಯಾವುದು ಎಂದು ಹೇಳುತ್ತಿದ್ದಳು. ಶೆಟ್ಟರನ್ನು ಕೇಳುವ ಅಗತ್ಯವೇ ಬರಲಿಲ್ಲ.

ಎರಡನೇ ಹಂತ 1950ರಿಂದ 1980ರ ಆಸುಪಾಸಿನವರೆಗೆ. ಕಾರು, ಫ್ರಿಜ್ಜು, ಟೀವಿ, ವಾಷಿಂಗ್ ಮೆಷೀನು ಶ್ರೀಮಂತರ ಮನೆಯಿಂದ ಇಳಿದು ಸಂಬಳದಾರರ ಮನೆಗೆ ಬಂದ ಕಾಲ. ಈ ಹಂತದ ವಸ್ತುಗಳೆಲ್ಲ ಮನೆಯ ವಸ್ತುಗಳು. ಮನೆಗೊಂದು ಟೀವಿ, ಮನೆಗೊಂದು ಫೋನು. ನಮ್ಮ ಕಡೆ ಇದು ತಡವಾಗಿ ಬಂತು, ಬಂದಾಗ ಮನೆಗೊಂದೂ ಅಲ್ಲ, ಬೀದಿಗೊಂದು. 1980ರ ದಶಕದ ಕೊನೆಯಲ್ಲಿ ಭಾನುವಾರ ಬೆಳಿಗ್ಗೆ ಪಟೇಲರ ಮನೆಯ ಪಡಸಾಲೆಯಲ್ಲಿ ನಲವತ್ತು ಜನ ಒಂದು ಟೀವಿಗೆ ಎದುರಾಗಿ ಕೂರುತ್ತಿದ್ದದ್ದು ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿದೆ. ಕರೆಂಟು ಹೋದರೆ ನಲವತ್ತು ಬಾಯಿಂದ ಒಂದೇ ಉದ್ಗಾರ.

ಮೂರನೇ ಹಂತ ಅಲ್ಲಿ 1970ರ ದಶಕದ ಕೊನೆಗೇ ಶುರು. ನಮ್ಮಲ್ಲಿ 1991ರ ನಂತರ, ನಿಜವಾಗಿ ಹೇಳಬೇಕೆಂದರೆ ಮೊಬೈಲು ಅಗ್ಗವಾದ ನಂತರ. ಲಿಪೊವೆಟ್‌ಸ್ಕಿ ಇದನ್ನು 'ಅತಿ-ಬಳಕೆ'ಯ ಕಾಲ ಎನ್ನುತ್ತಾರೆ. 'ಅತಿ' ಎಂದರೆ ಬರೀ ಜಾಸ್ತಿ ಎಂದಲ್ಲ, ಕೊಳ್ಳುವ ಘಟಕವೇ ಬದಲಾಗಿದೆ. ಮನೆ ಕೊಳ್ಳುತ್ತಿತ್ತು, ಈಗ ಆಳು ಕೊಳ್ಳುತ್ತಾನೆ. ಟೀವಿ ಹಾಲಿನಿಂದ ರೂಮಿಗೆ, ರೂಮಿನಿಂದ ಅಂಗೈಗೆ ಬಂತು. ಊಟದ ಹೊತ್ತು ಬೇರೆ ಬೇರೆಯಾಯಿತು. ಒಂದೇ ಸೂರಿನಡಿ ಒಬ್ಬೊಬ್ಬರದು ಒಂದೊಂದು ಗಡಿಯಾರ. ನಮ್ಮ ಬಚ್ಚಲಿನ ಸ್ಟ್ಯಾಂಡು ಈ ಮೂರನೇ ಹಂತದ ಪಕ್ಕಾ ಫೋಟೋ.

ಇಷ್ಟು ಕೇಳಿದ ಮೇಲೆ "ಅಂದ್ರೆ ಜನ ಸ್ವಾರ್ಥಿಗಳಾದರು" ಎಂದು ತೀರ್ಪು ಕೊಡಲು ನಾಲಿಗೆ ತುಡಿಯುತ್ತದೆ. ತಡೆಯಬೇಕು. ಕ್ಲಾಸಿನಲ್ಲಿ ಸ್ವಾರ್ಥ, ವ್ಯಕ್ತಿವಾದ ಈ ಎರಡರ ವ್ಯತ್ಯಾಸ ಹೇಳುವುದರಲ್ಲೇ ನನ್ನ ಅರ್ಧ ಪೀರಿಯಡ್ಡು ಮುಗಿಯುತ್ತಿತ್ತು. ಸ್ವಾರ್ಥ ಮನುಷ್ಯನಷ್ಟೇ ಹಳೆಯದು. ಭಾಗದ ಜಗಳದಲ್ಲಿ ಅಣ್ಣನ ಬದು ಒತ್ತಿದ ತಮ್ಮನಿಗೆ ಯಾವ ಆಧುನಿಕತೆಯೂ ಬೇಕಾಗಿರಲಿಲ್ಲ. ವ್ಯಕ್ತಿವಾದ ಎಂಬುದು ಬೇರೆ, ಅದು ಹೊಸದು. ಫ್ರಾನ್ಸಿನವರೇ ಆದ ಟೋಕ್ವಿಲ್ ಅಮೆರಿಕ ಸುತ್ತಿ ಬಂದು 1840ರಲ್ಲಿ ಈ ಗೆರೆ ಎಳೆದರು, ಲಿಪೊವೆಟ್‌ಸ್ಕಿ ಅವರ ಹೆಗಲ ಮೇಲೆ ನಿಂತೇ ಮಾತಾಡುತ್ತಾರೆ. ವ್ಯಕ್ತಿವಾದ ಎಂದರೆ "ನನ್ನ ಬದುಕು ಹೇಗಿರಬೇಕು ಎಂಬುದನ್ನು ತೀರ್ಮಾನಿಸುವವನು ನಾನು" ಎಂಬ ಏರ್ಪಾಟು. ಕುಲ, ಹಿರಿಯರು, ಊರು ತೀರ್ಮಾನಿಸುವುದಲ್ಲ. ಹೀಗೆ ತೀರ್ಮಾನಿಸುವವನು ಉದಾರಿಯೂ ಇರಬಹುದು, ಜಿಪುಣನೂ ಇರಬಹುದು.

ಈ ವ್ಯಕ್ತಿವಾದವೂ ಎರಡು ಸುತ್ತಿನಲ್ಲಿ ಬಂತು ಎನ್ನುತ್ತಾರೆ ಅವರು. ಮೊದಲ ಸುತ್ತಿನಲ್ಲಿ ಮತದ ಹಕ್ಕು, ಆಸ್ತಿಯ ಹಕ್ಕು, ಕಾನೂನಿನ ಮುಂದೆ ಎಲ್ಲರೂ ಒಂದು ಎಂಬ ಮಾತು ಬಂದವು. ಆದರೆ ದಿನದ ಬದುಕಿನಲ್ಲಿ ಶಿಸ್ತು ಸಡಿಲವಾಗಲಿಲ್ಲ. ಅಪ್ಪ, ಮೇಷ್ಟ್ರು, ದೇಶ, ಕರ್ತವ್ಯ ಎಲ್ಲ ತಲೆಯ ಮೇಲೆ ಕೂತೇ ಇದ್ದವು. 1960, 70ರ ನಂತರದ ಎರಡನೇ ಸುತ್ತಿನಲ್ಲಿ ಬಟ್ಟೆ, ಮದುವೆ, ಮೈ, ಹವ್ಯಾಸ, ದೇವರು ಇವೆಲ್ಲ ಅವರವರ ಆಯ್ಕೆಯ ಬಾಬ್ತಾದವು. ಇದನ್ನು ತಂದದ್ದು ಭಾಷಣಗಳೋ ಚಳವಳಿಗಳೋ ಮಾತ್ರ ಅಲ್ಲ, ಅಂಗಡಿಯೂ ತಂದಿತು. "ನಿಮಗೆ ಏನು ಬೇಕು?" ಎಂದು ದಿನಕ್ಕೆ ನೂರು ಸಲ ಕೇಳುವ ಲೋಕದಲ್ಲಿ ಬೆಳೆದವರಿಗೆ "ನಿನಗೆ ಬೇಕಾದ್ದು ಮುಖ್ಯವಲ್ಲ" ಎಂದರೆ ಒಪ್ಪುವುದು ಕಷ್ಟ.

ಇದನ್ನು ನಾನು ಪುಸ್ತಕದಲ್ಲಿ ಓದುವ ಮೊದಲೇ ಕಂಡಿದ್ದೆ. ನಮ್ಮ ಚಿಕ್ಕಂದಿನಲ್ಲಿ ಯುಗಾದಿಗೆ ಅಪ್ಪ ಒಂದೇ ತಾನಿನಿಂದ ಬಟ್ಟೆ ಹರಿಸಿ ಐದು ಮಕ್ಕಳಿಗೂ ಹೊಲಿಸುತ್ತಿದ್ದ. ನನ್ನ ಅಂಗಿ, ತಮ್ಮನ ಅಂಗಿ, ತಂಗಿಯ ಲಂಗ ಎಲ್ಲ ಒಂದೇ ಹೂವಿನದು. ಜಾತ್ರೆಯಲ್ಲಿ ತಪ್ಪಿಸಿಕೊಂಡರೆ ಹುಡುಕಲು ಸುಲಭ ಎನ್ನುತ್ತಿದ್ದ. 1990ರ ದಶಕದ ಮೊದಲಲ್ಲಿ ನಮ್ಮ ಕಾಲೇಜಿಗೆ ಹಳ್ಳಿಯಿಂದ ಬಸ್ಸಿನಲ್ಲಿ ಬರುತ್ತಿದ್ದ ಹೆಣ್ಣುಮಕ್ಕಳು ಲಂಗ ದಾವಣಿ ಬಿಟ್ಟು ಚೂಡಿದಾರ್ ಹಾಕತೊಡಗಿದರು. ಒಬ್ಬ ಹುಡುಗಿ ವಾರಗಟ್ಟಲೆ ಮನೆಯಲ್ಲಿ ಜಗಳ ಮಾಡಿ, ಕೊನೆಗೆ ತಾನೇ ಹೋಗಿ ಬಣ್ಣ ಆರಿಸಿ ಹೊಲಿಸಿಕೊಂಡು ಬಂದಳು. ಗಾಢ ನೇರಳೆ. ಅವತ್ತು ಅವಳು ಮೊದಲ ಬೆಂಚಿನಲ್ಲಿ ಕೂತಳು. ಹಿಂದಿನ ಎರಡು ವರ್ಷ ಅವಳ ದನಿ ನಾನು ಹಾಜರಿ ಕೂಗುವಾಗ ಬಿಟ್ಟರೆ ಕೇಳಿರಲಿಲ್ಲ.

ಫ್ಯಾಷನ್ನಿನ ಬಗ್ಗೆ ಲಿಪೊವೆಟ್‌ಸ್ಕಿ 1987ರಲ್ಲಿ ಹೇಳಿದ ಮಾತಿಗೆ ಆಗ ಪಂಡಿತರು ಮೂಗು ಮುರಿದದ್ದುಂಟು, ನನಗೆ ಮಾತ್ರ ಆ ನೇರಳೆ ಚೂಡಿದಾರದಿಂದಾಗಿ ಅದು ಸಲೀಸಾಗಿ ಅರ್ಥವಾಯಿತು. ಬಾಳಿಕೆ ಕಡಿಮೆ, ಮೋಹಿಸುವ ಗುಣ, ಸಣ್ಣ ಸಣ್ಣ ವ್ಯತ್ಯಾಸ: ಫ್ಯಾಷನ್ ನಡೆಯುವುದು ಈ ಮೂರರ ಮೇಲೆ. ನೋಡಲು ಹಗುರ ಎನಿಸುವ ಈ ಆಟ, "ಹಿಂದಿನವರು ಉಟ್ಟದ್ದೇ ಉಡಬೇಕು" ಎಂಬ ಕಟ್ಟನ್ನು ಸಡಿಲಿಸಿ, ಜನ ತಮ್ಮ ತಲೆಯಿಂದ ತಾವು ಆಯ್ದುಕೊಳ್ಳುವುದನ್ನು ಕಲಿಸಿತು, ಪ್ರಜಾಪ್ರಭುತ್ವಕ್ಕೂ ಅದು ಒಳ್ಳೆಯದನ್ನೇ ಮಾಡಿತು ಎಂಬುದು ಅವರ ವಾದ. ಇದಕ್ಕೆ ತದ್ವಿರುದ್ಧದ ವಸ್ತುವೂ ಮೈಸೂರಿನಲ್ಲೇ ಇದೆ. 1912ರಲ್ಲಿ ಶುರುವಾದ ಸರ್ಕಾರಿ ಕಾರ್ಖಾನೆಯ ರೇಷ್ಮೆ ಸೀರೆ ಫ್ಯಾಷನ್ನಿನ ಮೂರು ಗುಣಗಳಲ್ಲಿ ಮೊದಲನೆಯದಕ್ಕೆ ಜಗ್ಗುವುದಿಲ್ಲ. ನನ್ನ ಹೆಂಡತಿಯ ಧಾರೆಯ ಸೀರೆ ನಲವತ್ತು ವರ್ಷದಿಂದ ಟ್ರಂಕಿನಲ್ಲಿ ನುಸಿಗುಳಿಗೆಯ ಜೊತೆ ಸಂಸಾರ ಮಾಡುತ್ತಿದೆ. ಈಗ ಅದನ್ನು ಸೊಸೆ ತೆಗೆದು ಉಡುತ್ತಾಳೆ. ಹಳೆಯದೆಂದೇ ಅವಳಿಗೆ ಇಷ್ಟ. ಆದರೆ ಪ್ರತಿ ಸಲ ರವಿಕೆ ಹೊಸದು.

ಸ್ವಾತಂತ್ರ್ಯ ಬಂತು ಸರಿ, ಸುಖ? ಲಿಪೊವೆಟ್‌ಸ್ಕಿಯ ಚಿಂತನೆಯಲ್ಲಿ ತಿರುಳಿರುವುದು ಇಲ್ಲೇ ಎಂದು ನನ್ನ ಎಣಿಕೆ. ಅವರ 2006ರ ಪುಸ್ತಕದ ಹೆಸರಿನಲ್ಲೇ ಸುಖದ ಜೊತೆ 'ವಿರೋಧಾಭಾಸ' ಎಂಬ ಮಾತು ಅಂಟಿಕೊಂಡಿದೆ. ಸವಲತ್ತು ಹೆಚ್ಚಿತು, ಆಯುಷ್ಯ ಹೆಚ್ಚಿತು, ಬೇಕಾದ್ದು ಬೇಕಾದಾಗ ಸಿಗುತ್ತದೆ. ಕೇಳಿದರೆ ಹೆಚ್ಚಿನವರು ಸುಖವಾಗಿದ್ದೇವೆ ಎಂದೇ ಹೇಳುತ್ತಾರೆ. ಅದೇ ಸಮಾಜದಲ್ಲಿ ಆತಂಕ, ಖಿನ್ನತೆ, ಒಂಟಿತನ, ನಿದ್ದೆಗೆಟ್ಟ ರಾತ್ರಿಗಳೂ ಹೆಚ್ಚಿವೆ. ಎರಡೂ ನಿಜ, ಎರಡೂ ಒಟ್ಟಿಗೆ ನಿಜ. ಕಾರಣ ಅವರ ಪ್ರಕಾರ ಹೀಗೆ: ಆಯ್ಕೆಯೆಲ್ಲ ನನ್ನದಾದಾಗ ಸೋಲೂ ನನ್ನದೇ ಆಗುತ್ತದೆ. ಬೆಳೆ ಹಾಳಾದರೆ ಹಣೆಬರಹ, ಗಂಡ ಕುಡುಕನಾದರೆ ಋಣಾನುಬಂಧ ಎಂದು ಭಾರ ಇಳಿಸುವ ಕಟ್ಟೆಗಳು ಹಿಂದೆ ಇದ್ದವು. ಅವು ನ್ಯಾಯವಾಗಿದ್ದವು ಎಂದು ನಾನು ಹೇಳುತ್ತಿಲ್ಲ. ಎಷ್ಟೋ ಹೆಂಗಸರ ಬಾಯಿ ಮುಚ್ಚಿಸಿದ್ದೇ ಆ ಮಾತುಗಳು. ಆದರೆ ಕಟ್ಟೆ ತೆಗೆದ ಮೇಲೆ ಹೊರೆ ತಲೆಯ ಮೇಲೇ ಉಳಿಯಿತು. ಕೆಲಸ ಸಿಗದಿದ್ದರೆ ನಾನು ಸಾಲದು, ಮೈ ದಪ್ಪಗಾದರೆ ನಾನು ಸೋಮಾರಿ, ಖುಷಿಯಾಗಿಲ್ಲದಿದ್ದರೆ ನನ್ನಲ್ಲೇ ಏನೋ ಐಬು.

ಊಟದಲ್ಲಿ ಇದು ಚೆನ್ನಾಗಿ ಕಾಣುತ್ತದೆ. ಮಂಡ್ಯ ಕಡೆ ಮುದ್ದೆಗೆ ಹಿಟ್ಟು ಎನ್ನುತ್ತೇವೆ. "ಹಿಟ್ಟು ಉಂಡ್ಯೇನ್ಲಾ?" ಎಂದರೆ ಊಟ ಆಯಿತೇ ಎಂದು. ಅನ್ನ ಹಬ್ಬಕ್ಕೆ, ನೆಂಟರಿಗೆ, ಜ್ವರ ಬಂದವರಿಗೆ. ನಾನು ಮೈಸೂರಿಗೆ ಓದಲು ಬಂದಾಗ ಹಾಸ್ಟೆಲಿನಲ್ಲಿ ಮುದ್ದೆ ಎಂದರೆ ಹಳ್ಳಿಗಮಾರರ ಊಟ ಎಂದು ಮುಚ್ಚಿಟ್ಟುಕೊಂಡವನು. ಇವತ್ತು ನನ್ನ ಮಗ ಡಾಕ್ಟರರು ಹೇಳಿದರೆಂದು ರಾಗಿ ತರಿಸುತ್ತಾನೆ, ಚೀಲದ ಹಿಂದಿನ ಸಣ್ಣಕ್ಷರವನ್ನು ಓದುತ್ತಾನೆ, ಎಷ್ಟು ಗ್ರಾಂ ಎಂದು ತೂಕ ಹಾಕಿ ಕಟ್ಟಿಸುತ್ತಾನೆ. ಮುದ್ದೆ ಅದೇ, ಸೊಪ್ಪಿನ ಸಾರು ಅದೇ. ಅಪ್ಪ ಅದನ್ನು ನುಂಗಿ ಗದ್ದೆಗೆ ಹೋಗುತ್ತಿದ್ದ. ಮಗ ಅದನ್ನು ನುಂಗಿ ಎರಡು ಗಂಟೆ ಬಿಟ್ಟು ಬೆರಳು ಚುಚ್ಚಿ ಶುಗರ್ ನೋಡಿಕೊಳ್ಳುತ್ತಾನೆ. ಏನು ತಿನ್ನಬೇಕೆಂಬುದನ್ನು ಋತು, ಜಾತಿ, ಬಡತನ ಹೇಳುತ್ತಿದ್ದ ಕಾಲ ಹೋಗಿ, ಪ್ರತಿ ತುತ್ತೂ ಒಂದು ತೀರ್ಮಾನವಾಗಿದೆ. ಲಿಪೊವೆಟ್‌ಸ್ಕಿ ಹೇಳುವ ಮೂರನೇ ಹಂತದಲ್ಲಿ ಆರೋಗ್ಯವೇ ಬಹುದೊಡ್ಡ ಸರಕು. ಇವತ್ತಿನ ಗ್ರಾಹಕನನ್ನು ಭೋಗಲಾಲಸ ಎಂದು ಕರೆಯುವುದು ಆದ್ದರಿಂದಲೇ ತಪ್ಪಾಗುತ್ತದೆ. ಅವನು ಮಜಾ ಮಾಡುವವನಿಗಿಂತ ಹೆಚ್ಚಾಗಿ ಹೆದರಿದವನು.

'ಅತಿ' ಎಂಬ ಮಾತಿಗೆ ಇನ್ನೊಂದು ಮುಖವಿದೆ. ಆಧುನಿಕತೆ ಮುಗಿಯಿತು, ನಾವು ಅದರ ಆಚೆಗೆ ಬಂದಿದ್ದೇವೆ ಎಂಬ ವಾದ ಒಂದು ಕಾಲಕ್ಕೆ ಜೋರಾಗಿತ್ತು. ಲಿಪೊವೆಟ್‌ಸ್ಕಿ ಮೊದಲು ಆ ಕಡೆಗೇ ವಾಲಿದ್ದವರು, ಆಮೇಲೆ ಬಿಟ್ಟರು. ಆಧುನಿಕತೆ ಮುಗಿದಿಲ್ಲ, ಅದಕ್ಕಿದ್ದ ಬ್ರೇಕುಗಳು ಮಾತ್ರ ಕಿತ್ತುಹೋಗಿವೆ ಎಂದರು. ಹಾಗಾದರೆ ಸಂಪ್ರದಾಯ ಸತ್ತಿತೇ? ಇಲ್ಲ, ಅದು ವಾಪಸು ಬರುತ್ತದೆ, ಆದರೆ ಆಯ್ಕೆಯಾಗಿ ಬರುತ್ತದೆ. ಈ ಮಾತಿಗೆ ಯೋಗಕ್ಕೆ ಹೆಸರಾದ ನಮ್ಮ ಮೈಸೂರಿನ ಗೋಕುಲಂ ಬಡಾವಣೆಗಿಂತ ಒಳ್ಳೆಯ ಸಾಕ್ಷಿ ಎಲ್ಲಿದೆ? 1930ರ ದಶಕದಲ್ಲಿ ಜಗನ್ಮೋಹನ ಅರಮನೆಯಲ್ಲಿ ಅರಸರ ಆಶ್ರಯದಲ್ಲಿ ಕೃಷ್ಣಮಾಚಾರ್ಯರು ಯೋಗ ಕಲಿಸಿದರು. ಅವರ ಶಿಷ್ಯರಾದ ಪಟ್ಟಾಭಿ ಜೋಯಿಸರ ಹೆಸರು ಕೇಳಿ ಮುಂದೆ ಪ್ರಪಂಚದ ಮೂಲೆಮೂಲೆಯಿಂದ ಜನ ಮೈಸೂರಿಗೆ ಬಂದರು. ಬಂದವರು ಬೆಳಗಿನ ಜಾವ ಎದ್ದು ಬೆವರು ಹರಿಸುವುದು ನಿಜ, ಶ್ರದ್ಧೆಯೂ ನಿಜ. ಆದರೆ ಯಾರ ತಾತನೂ ಅವರಿಗೆ ಇದನ್ನು ಹೇರಿಲ್ಲ. ವೀಸಾ ಮಾಡಿಸಿ, ಚಾಪೆ ಸುತ್ತಿಕೊಂಡು, ತಾವೇ ಆರಿಸಿ ಬಂದದ್ದು. ನಮ್ಮವರೂ ಈಗ ಹಾಗೇ. ದಸರಾ ಗೊಂಬೆ ಕೂರಿಸುವ ಪದ್ಧತಿ ಇಲ್ಲದ ನಮ್ಮ ಒಕ್ಕಲು ಮನೆಯಲ್ಲಿ ಸೊಸೆ ಮೂರು ವರ್ಷದಿಂದ ಗೊಂಬೆ ಕೂರಿಸುತ್ತಿದ್ದಾಳೆ, ಚೆನ್ನಾಗಿಯೇ ಕೂರಿಸುತ್ತಾಳೆ.

ಇಲ್ಲಿಯವರೆಗೆ ಅವರ ಜೊತೆ ನಡೆದು ಬಂದೆ. ಇಲ್ಲಿಂದ ಮುಂದೆ ಕಾಲು ಎಡವುತ್ತದೆ. ತೋರಿಸಿಕೊಳ್ಳುವ ಚಟ ಕಡಿಮೆಯಾಗಿದೆ, ವಸ್ತುಗಳ ವಿಷಯದಲ್ಲಿ ಹೊಟ್ಟೆಕಿಚ್ಚಿನ ಬಿಸಿಯೂ ತಗ್ಗಿದೆ ಎನ್ನುವವರೆಗೆ ಲಿಪೊವೆಟ್‌ಸ್ಕಿ ಹೋಗುತ್ತಾರೆ. ಅವರನ್ನು ಒಮ್ಮೆ ಮಂಡ್ಯದ ಕಲ್ಯಾಣ ಮಂಟಪಕ್ಕೆ ಕರೆದುಕೊಂಡು ಹೋಗಬೇಕು ಎನಿಸಿತು. ಬಾಗಿಲಲ್ಲೇ ಮೇಜು ಹಾಕಿ ಇಬ್ಬರು ಕೂತಿರುತ್ತಾರೆ. ಒಬ್ಬ ಮುಯ್ಯಿ ಪುಸ್ತಕದಲ್ಲಿ ಹೆಸರು, ಊರು, ಮೊತ್ತ ಬರೆಯುತ್ತಾನೆ. ಇನ್ನೊಬ್ಬ ನೋಟು ಎಣಿಸಿ ಚೀಲಕ್ಕೆ ಹಾಕುತ್ತಾನೆ. ಈಚೆಗೆ ಪಕ್ಕದಲ್ಲೇ ಫೋನಿನಿಂದ ಹಾಕುವವರಿಗಾಗಿ ಚೌಕುಳಿ ಚೌಕುಳಿಯ ಆ ಚಿತ್ರವನ್ನೂ ಅಂಟಿಸಿರುತ್ತಾರೆ. ಆ ಪುಸ್ತಕ ಮನೆಯ ಬೀರುವಿನಲ್ಲಿ ಪತ್ರಗಳ ಜೊತೆ ಇರುತ್ತದೆ. ಅವರ ಮನೆಯ ಮದುವೆ ಬಂದಾಗ ತೆಗೆದು ನೋಡಿ, ಅಷ್ಟಕ್ಕೆ ಇನ್ನಷ್ಟು ಸೇರಿಸಿ ಹಾಕಬೇಕು. ಮಾರನೆಯ ದಿನ ಬೀಗರ ಊಟ. ಎಷ್ಟು ಮರಿ ಕಡಿದರು, ಎಷ್ಟು ಪಂಕ್ತಿ ಎದ್ದಿತು ಎಂಬುದು ಆರು ತಿಂಗಳ ಮಾತು. ಇಲ್ಲಿ ಖರ್ಚು ಮಾಡುವುದು ಆಳಲ್ಲ, ಮನೆ. ನೋಡುವುದು ಕನ್ನಡಿಯಲ್ಲ, ಊರು. ವೆಬ್ಲೆನ್ ಬಂದರೆ ಇಲ್ಲಿ ಮೊದಲ ಪಂಕ್ತಿಯಲ್ಲೇ ಕೂರುತ್ತಾನೆ.

ಆದರೆ ಅದೇ ಮದುವೆಯ ಹುಡುಗ ಹುಡುಗಿ ಹದಿನೈದು ದಿನ ಮುಂಚೆ ಶ್ರೀರಂಗಪಟ್ಟಣದ ಹೊಳೆ ದಂಡೆಯಲ್ಲಿ, ಬಾಡಿಗೆ ಗೌನು ತೊಟ್ಟು, ಡ್ರೋನಿನ ಕೆಳಗೆ ಓಡಿ ಫೋಟೋ ಶೂಟ್ ಮುಗಿಸಿರುತ್ತಾರೆ. "ಇದ್ಯಾಕ್ರಪ್ಪ?" ಎಂದು ಹುಡುಗನ ಅಪ್ಪ ಕೇಳಿದರೆ, "ಅದು ನಮ್ಗೆ ಅಂತ, ಬುಡಪ್ಪ." ಮುಯ್ಯಿ ಮನೆತನಕ್ಕೆ, ಶೂಟ್ ತಮಗೆ. ಫ್ರಾನ್ಸಿನಲ್ಲಿ ನೂರು ವರ್ಷದಲ್ಲಿ ಒಂದಾದ ಮೇಲೆ ಒಂದರಂತೆ ಬಂದ ಹಂತಗಳು ನಮ್ಮಲ್ಲಿ ಒಂದೇ ಮಂಟಪದಲ್ಲಿ, ಒಂದೇ ಬಿಲ್ಲಿನಲ್ಲಿ, ಒಂದರ ಪಕ್ಕ ಒಂದು ಕೂತಿವೆ. ಹಾಗಾಗಿ ಹೊರೆ ಎರಡು ಪಟ್ಟು. ಊರಿನ ಮುಖವನ್ನೂ ಉಳಿಸಬೇಕು, ತನ್ನ ಮನಸ್ಸನ್ನೂ ತಣಿಸಬೇಕು.

ಇದಕ್ಕೆ ದುಡ್ಡು ಎಲ್ಲಿಂದ ಬರುತ್ತದೆ ಎಂಬುದು ಅವರ ಪುಸ್ತಕಕ್ಕಿಂತ ನಮ್ಮ ಹಳ್ಳಿಗಳಲ್ಲಿ ದೊಡ್ಡ ಪ್ರಶ್ನೆ. ಬಡವರ ಬಗ್ಗೆ ಅವರು ಹೇಳುವ ಒಂದು ಮಾತು ಮಾತ್ರ ನಾಟುವಂಥದು: ಹಿಂದೆ ಬಡವರಿಗೆ ಬಡವರದೇ ಆದ ಒಂದು ಲೋಕವಿತ್ತು, ಅಲ್ಲಿ ಆಸೆಗಳಿಗೂ ಒಂದು ಅಳತೆ ಇತ್ತು. ಈಗ ಆಸೆಗಳು ಎಲ್ಲರಿಗೂ ಒಂದೇ, ಸಂಪಾದನೆ ಮಾತ್ರ ಬೇರೆ ಬೇರೆ. ಇಲ್ಲದಿರುವಿಕೆಯ ನೋವಿಗೆ ಸೋತೆ ಎಂಬ ಅವಮಾನವೂ ಸೇರಿಕೊಂಡಿದೆ. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂದು ಹಿರಿಯರು ಹೇಳುತ್ತಿದ್ದರು. ಈಗ ಹಾಸಿಗೆಯೇ ಕಂತಿನ ಮೇಲೆ ಬರುತ್ತದೆ. ಕಿರುಸಾಲದ ವಸೂಲಿಯವರ ಕಾಟ ತಡೆಯಲು ರಾಜ್ಯ ಸರ್ಕಾರ 2025ರ ಫೆಬ್ರವರಿಯಲ್ಲಿ ಸುಗ್ರೀವಾಜ್ಞೆಯನ್ನೇ ತರಬೇಕಾಯಿತು. ಆ ಸಾಲದಲ್ಲಿ ಆಸ್ಪತ್ರೆಯದೆಷ್ಟು, ಗೊಬ್ಬರದ್ದೆಷ್ಟು, ಫೋನಿನದೆಷ್ಟು ಎಂದು ಬಿಡಿಸದೆ "ಜನ ಕೊಳ್ಳುಬಾಕರಾದರು" ಎನ್ನುವವರ ಮೇಲೆ ನನಗೆ ಸಿಟ್ಟು ಬರುತ್ತದೆ.

ಪರಿಹಾರ ಏನು ಹೇಳುತ್ತಾರೆ ಎಂದರೆ, ಲಿಪೊವೆಟ್‌ಸ್ಕಿ ಉಪವಾಸ ಹೇಳುವುದಿಲ್ಲ. ಕೊಳ್ಳುವುದನ್ನು ನಿಲ್ಲಿಸಿ, ಹಿಂದಕ್ಕೆ ಹೋಗಿ ಎನ್ನುವುದಿಲ್ಲ. ಹಿಂದಕ್ಕೆ ಹೋಗಲು ಯಾರಿಗೂ, ಅದರಲ್ಲೂ ಹೆಂಗಸರಿಗೆ, ಮನಸ್ಸಿಲ್ಲ ಎಂಬುದು ಅವರಿಗೆ ಗೊತ್ತು. ಅವರು ಹೇಳುವುದು ಇಷ್ಟು: ಕೊಳ್ಳುವುದೇ ಬದುಕಿನ ನಡುಗಂಬವಾಗಿರುವುದು ತೊಂದರೆ. ಒಂದು ಆಸೆಯನ್ನು ಉಪದೇಶದಿಂದ ಇಳಿಸಲಾಗದು, ಅದಕ್ಕಿಂತ ಗಟ್ಟಿಯಾದ ಇನ್ನೊಂದು ಆಸೆಯೇ ಬೇಕು. ಕಲಿಕೆ, ಕಲೆ, ಕೆಲಸ, ಏನನ್ನಾದರೂ ಮಾಡಿ ತೋರಿಸುವ ಹಂಬಲ; ಅದನ್ನು ಚಿಕ್ಕಂದಿನಲ್ಲೇ ಹಚ್ಚಬೇಕು, ಶಾಲೆಯ ಕೆಲಸ ಅದು. ಕೇಳಲು ಸೊಗಸಾಗಿದೆ. ಆದರೆ 2013ರಲ್ಲಿ ಗೆಳೆಯ ಜಾನ್ ಸೆರ್ವಾ ಜೊತೆ ಬರೆದ ಪುಸ್ತಕದಲ್ಲಿ ಅವರೇ, ಇವತ್ತಿನ ಬಂಡವಾಳ ಕಲೆಯನ್ನೇ ಸರಕು ಮಾಡಿ ಮಾರುತ್ತದೆ ಎಂದು ಪುಟಗಟ್ಟಲೆ ತೋರಿಸಿದ್ದಾರೆ. ಔಷಧಿಯೂ ಅದೇ ಅಂಗಡಿಯಲ್ಲಿ ಸಿಗುವುದಾದರೆ?

ನನ್ನ ಮೊಮ್ಮಗಳು ಎರಡು ವರ್ಷದಿಂದ ವೀಣೆ ಕಲಿಯುತ್ತಿದ್ದಾಳೆ. ವೀಣೆ ಶೇಷಣ್ಣನವರ ಊರಿನಲ್ಲಿ ಅದೇನು ದೊಡ್ಡದಲ್ಲ. ಮೊದಲ ಆರು ತಿಂಗಳು ಸರಳೆ ವರಸೆಗೇ ಅಳು. ನಾನು ಇದೂ ಕರಾಟೆ ಡ್ರೆಸ್ಸಿನ ಜೊತೆ ಅಟ್ಟ ಸೇರುತ್ತದೆ ಎಂದುಕೊಂಡಿದ್ದೆ. ಸೇರಲಿಲ್ಲ. ಎಡಗೈ ಬೆರಳಿನ ತುದಿಯಲ್ಲಿ ತಂತಿಯ ಗೆರೆ ಬಿದ್ದು ಗಟ್ಟಿಯಾಗಿದೆ. ಅದನ್ನು ಗೆಳತಿಯರಿಗೆ ತೋರಿಸುತ್ತಾಳೆ. ಕಳೆದ ಭಾನುವಾರ ಒಂದೇ ಗಮಕವನ್ನು ಹಿಡಿದು ಮುಕ್ಕಾಲು ಗಂಟೆ ಕೂತಿದ್ದಳು. ಹಾಲಿನಲ್ಲಿ ಅವಳ ಫೋನು ಎರಡು ಸಲ ಹೊಡೆದುಕೊಂಡಿತು, ಎದ್ದು ಬರಲಿಲ್ಲ. ಲಿಪೊವೆಟ್‌ಸ್ಕಿ ಹೇಳಿದ್ದು ಇದೇ ಇರಬೇಕು ಎಂದು ನಾನು ಪೇಪರ್ ಮಡಿಚಿ ಕೇಳುತ್ತಾ ಕೂತೆ.

ಸಂಜೆ ಪಕ್ಕಕ್ಕೆ ಬಂದು ಕೂತು ಫೋನು ಮುಂದೆ ಹಿಡಿದಳು. "ತಾತ, ಇಲ್ನೋಡಿ. ಒಂದೇ ಮರದ ತುಂಡಲ್ಲಿ ಕೊರೆದಿರೋದಂತೆ. ನಂದರಲ್ಲಿ ಮಂದ್ರ ಸರಿಯಾಗಿ ಕೇಳಲ್ಲ."

ಬೆಲೆ ಕೇಳಿದೆ. ಹೇಳಿದಳು. ಕನ್ನಡಕ ಹಾಕಿಕೊಂಡು, ಎರಡು ಬೆರಳಲ್ಲಿ ಚಿತ್ರ ದೊಡ್ಡದು ಮಾಡಿ, ಕೊಡದ ಮೇಲಿನ ಕೆತ್ತನೆಯನ್ನು ನಾನೂ ನೋಡತೊಡಗಿದೆ.